ಡಿಎಲ್‌ಎಲ್ ಫೈಲ್ ಇಲ್ಲ ಎಂದು ವಿಂಡೋಸ್ ಹೇಳಿದಾಗ: ಭದ್ರತಾ ಫೈಲ್‌ಗಳನ್ನು ಸರಿಪಡಿಸುವ ಕ್ರಮ

ಕ್ರಿಪ್ಟ್32.ಡಿಎಲ್‌ಎಲ್ ಸಿಗುತ್ತಿಲ್ಲ, ಬಿಕ್ರಿಪ್ಟ್.ಡಿಎಲ್‌ಎಲ್ ಕೆಟ್ಟಿದೆ, ಸೆಕ್ಯೂರ್32.ಡಿಎಲ್‌ಎಲ್ ಲೋಡ್ ಆಗಲಿಲ್ಲ. ಇಂಥ ಸಂದೇಶ ಪರದೆ ಮೇಲೆ ಬಂದ ಕೂಡಲೇ ಬಹಳ ಜನ ಆ ಹೆಸರನ್ನು ಗೂಗಲ್‌ನಲ್ಲಿ ಹುಡುಕಿ, ಮೊದಲು ಸಿಕ್ಕ ತಾಣದಿಂದ ಫೈಲ್ ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಅಂಟಿಸುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಡಿಎಲ್‌ಎಲ್ ಎಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಲೈಬ್ರರಿ ಫೈಲ್, ಮೇಲೆ ಹೆಸರಿಸಿದವು ಭದ್ರತೆಗೆ ಸೇರಿದವು. ಮಿಕ್ಕ ಪ್ರೋಗ್ರಾಂಗಳು ಅಸಲಿಯೋ ನಕಲಿಯೋ, ಬ್ಯಾಂಕಿನ ವೆಬ್‌ಸೈಟ್ ನಿಜವಾದದ್ದೋ ಅಲ್ಲವೋ ಎಂದು ತೀರ್ಮಾನಿಸುವುದೇ ಈ ಫೈಲ್‌ಗಳ ಕೆಲಸ. ಇವನ್ನೇ ಗುರುತು ಪರಿಚಯವಿಲ್ಲದ ಕಡೆಯಿಂದ ತಂದು ಹಾಕಿಕೊಂಡರೆ ಆಮೇಲೆ ಆ ಕಂಪ್ಯೂಟರ್ ಹೇಳುವ ಯಾವ ಮಾತನ್ನೂ ನಂಬುವಂತಿಲ್ಲ. ಅಸಲಿ ಪ್ರತಿ ನಿಮ್ಮ ಕಂಪ್ಯೂಟರಿನಲ್ಲೇ ಇರುತ್ತದೆ, ಇಲ್ಲದಿದ್ದರೆ ಮೈಕ್ರೋಸಾಫ್ಟ್‌ನಿಂದ ಪುಕ್ಕಟೆಯಾಗಿ ಬರುತ್ತದೆ. ಅದನ್ನು ಹೊರಗೆ ತರುವ ಕ್ರಮ ಗೊತ್ತಿದ್ದರೆ ಸಾಕು.

ಯಾವ ಫೈಲ್ ಏನು ಮಾಡುತ್ತದೆ

ಕ್ರಿಪ್ಟ್32 ಸರ್ಟಿಫಿಕೇಟ್‌ಗಳನ್ನು, ಅಂದರೆ ವೆಬ್‌ಸೈಟ್, ಪ್ರೋಗ್ರಾಂಗಳ ಡಿಜಿಟಲ್ ಗುರುತಿನ ಚೀಟಿಗಳನ್ನು ಓದಿ ಪರಿಶೀಲಿಸುತ್ತದೆ. ವಿನ್‌ಟ್ರಸ್ಟ್ ಪ್ರೋಗ್ರಾಂ ಫೈಲಿನ ಡಿಜಿಟಲ್ ಸಹಿ ನೋಡುತ್ತದೆ. ಎಸ್‌ಚಾನೆಲ್ ಟಿಎಲ್‌ಎಸ್ ಸಂಪರ್ಕ, ಅಂದರೆ ಬೀಗದ ಚಿಹ್ನೆಯ ಎಚ್‌ಟಿಟಿಪಿಎಸ್ ವ್ಯವಹಾರ ನಡೆಸುತ್ತದೆ. ಕ್ರೋಮ್, ಫೈರ್‌ಫಾಕ್ಸ್‌ಗಳು ಈ ಕೆಲಸಕ್ಕೆ ತಮ್ಮದೇ ಲೈಬ್ರರಿ ಇಟ್ಟುಕೊಂಡಿವೆ. ಆದ್ದರಿಂದ ಬ್ರೌಸರ್ ಚೆನ್ನಾಗಿ ನಡೆಯುತ್ತಿದ್ದರೂ ಔಟ್‌ಲುಕ್ ಅಥವಾ ವಿಂಡೋಸ್ ಅಪ್‌ಡೇಟ್ ಕೈಕೊಡಬಹುದು. ಸೆಕ್ಯೂರ್32 ಮತ್ತು ಅದರ ಜೊತೆಗಾರ ಎಸ್‌ಎಸ್‌ಪಿಐಸಿಎಲ್‌ಐ ಲಾಗಿನ್ ದೃಢೀಕರಣದ ಮಧ್ಯವರ್ತಿಗಳು. ಬಿಕ್ರಿಪ್ಟ್ ಗೂಢಲಿಪಿಯ ಲೆಕ್ಕಾಚಾರ ಮಾಡುತ್ತದೆ, ಎನ್‌ಕ್ರಿಪ್ಟ್ ಖಾಸಗಿ ಕೀಗಳನ್ನು ನೋಡಿಕೊಳ್ಳುತ್ತದೆ. ಇವೆರಡೂ ವಿಸ್ತಾ ಕಾಲದಲ್ಲಿ ಬಂದವು. ವಿಂಡೋಸ್ 10ರೊಂದಿಗೆ ಬಂದ ಆಮ್ಸಿ.ಡಿಎಲ್‌ಎಲ್, ಸ್ಕ್ರಿಪ್ಟ್‌ಗಳು ಓಡುವ ಮೊದಲು ಅವನ್ನು ಆಂಟಿವೈರಸ್‌ಗೆ ತೋರಿಸುತ್ತದೆ. ಎಲ್‌ಎಸ್‌ಎಎಸ್‌ಆರ್‌ವಿ ಲಾಗಿನ್ ವ್ಯವಸ್ಥೆಯ ತಿರುಳು.

ಈ ಕೊನೆಯ ಫೈಲಿನ ಒಂದು ದೋಷವನ್ನೇ ಹಿಡಿದು 2004ರಲ್ಲಿ ಸಾಸರ್ ಎಂಬ ವರ್ಮ್ (ನೆಟ್‌ವರ್ಕ್‌ನಲ್ಲಿ ತಾನೇ ಹರಡುವ ದುಷ್ಟ ಪ್ರೋಗ್ರಾಂ) ಜಗತ್ತಿನಾದ್ಯಂತ ಹಬ್ಬಿತು. 60 ಸೆಕೆಂಡು ಎಣಿಸಿ ಕಂಪ್ಯೂಟರ್ ತಾನೇ ರೀಸ್ಟಾರ್ಟ್ ಆಗುತ್ತಿದ್ದುದು ಅಂದಿನವರಿಗೆ ನೆನಪಿರುತ್ತದೆ. ಕ್ರಿಪ್ಟ್32ರಲ್ಲೂ ಅಂಥದೇ ಗಂಭೀರ ದೋಷವಿತ್ತು: ಎಲಿಪ್ಟಿಕ್ ಕರ್ವ್ ಎಂಬ ಗೂಢಲಿಪಿ ವಿಧಾನದ ಸರ್ಟಿಫಿಕೇಟ್‌ಗಳನ್ನು ಸರಿಯಾಗಿ ಪರಿಶೀಲಿಸದ ಕಾರಣ ವಿಂಡೋಸ್ 10ರಲ್ಲಿ ಖೊಟ್ಟಿ ಸಹಿಯೂ ಅಸಲಿಯಂತೆ ದಾಟಿಹೋಗುವ ಸಾಧ್ಯತೆ ಇತ್ತು. ಅಮೆರಿಕದ ಗುಪ್ತಚರ ಸಂಸ್ಥೆ ಎನ್‌ಎಸ್‌ಎ ಅದನ್ನು ಮೈಕ್ರೋಸಾಫ್ಟ್‌ಗೆ ತಿಳಿಸಿತು, 2020ರ ಜನವರಿ 14ರಂದು ತಿದ್ದುಪಡಿ ಬಂತು. ಹಳೆಯ ಆವೃತ್ತಿಯ ಕ್ರಿಪ್ಟ್32 ತಂದು ಹಾಕುವವರು ಇಂಥ ಮುಚ್ಚಿದ ರಂಧ್ರಗಳನ್ನು ತಾವಾಗಿಯೇ ತೆರೆದುಕೊಳ್ಳುತ್ತಾರೆ.

ಮೊದಲು ಫೈಲ್ ಯಾರದು ಎಂದು ನೋಡಿ

ದೋಷ ಸಂದೇಶದಲ್ಲಿ ಎರಡು ಹೆಸರಿರುತ್ತವೆ: ಶೀರ್ಷಿಕೆಯಲ್ಲಿ ಪ್ರೋಗ್ರಾಂ, ಒಳಗೆ ಡಿಎಲ್‌ಎಲ್. ಎರಡನ್ನೂ ಬರೆದಿಟ್ಟುಕೊಳ್ಳಿ, ಅಥವಾ ಮೊಬೈಲಿನಲ್ಲಿ ಫೋಟೋ ತೆಗೆದುಕೊಳ್ಳಿ. ಹೆಸರು ಭದ್ರತೆಗೆ ಸೇರಿದಂತೆ ಕಂಡರೂ ಫೈಲ್ ವಿಂಡೋಸ್‌ನದ್ದೇ ಆಗಿರಬೇಕೆಂದಿಲ್ಲ. ಲಿಬ್‌ಇಎವೈ32, ಎಸ್‌ಎಸ್‌ಎಲ್‌ಇಎವೈ32, ಲಿಬ್‌ಕ್ರಿಪ್ಟೋ, ಲಿಬ್‌ಎಸ್‌ಎಸ್‌ಎಲ್ ಇವು ಓಪನ್‌ಎಸ್‌ಎಸ್‌ಎಲ್ ಎಂಬ ಬೇರೆಯದೇ ಭದ್ರತಾ ಲೈಬ್ರರಿಯವು. ಯಾವ ಪ್ರೋಗ್ರಾಂ ಕೇಳುತ್ತಿದೆಯೋ ಅದೇ ಇವನ್ನು ತನ್ನ ಫೋಲ್ಡರಿನಲ್ಲಿ ತಂದಿರಬೇಕು. ಆ ಪ್ರೋಗ್ರಾಂ ತೆಗೆದು, ಅದರ ಕಂಪನಿಯ ತಾಣದಿಂದ ಹೊಸ ಆವೃತ್ತಿ ಹಾಕುವುದೇ ಪರಿಹಾರ. ಮೊದಲ ಎರಡು ಹೆಸರುಗಳು 1.0 ಸರಣಿಯ ಕಾಲದವು, ಅದಕ್ಕೆ ಉಚಿತ ಬೆಂಬಲ 2019ರ ಕೊನೆಗೇ ನಿಂತಿದೆ. ಅದನ್ನೇ ಕೇಳುವ ಪ್ರೋಗ್ರಾಂ ನಿಮ್ಮಲ್ಲಿದ್ದರೆ ಬದಲಿ ಹುಡುಕುವ ಸಮಯ ಬಂದಿದೆ ಎಂದೇ ತಿಳಿಯಿರಿ. ವಿಸಿರನ್‌ಟೈಮ್140, ಎಂಎಸ್‌ವಿಸಿಪಿ140 ಕೇಳಿದರೆ ಮೈಕ್ರೋಸಾಫ್ಟ್‌ನ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಹಾಕಿ. 64 ಬಿಟ್ ಕಂಪ್ಯೂಟರಿನಲ್ಲೂ ಎಕ್ಸ್86, ಎಕ್ಸ್64 ಎರಡೂ ಬೇಕು.

ಫೈಲ್ ವಿಂಡೋಸ್‌ನದ್ದೇ ಆದರೆ ಅದು ಎಲ್ಲಿರಬೇಕು? 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲ್‌ಗಳು, ಸಿಸ್‌ವಾವ್64 ಫೋಲ್ಡರಿನಲ್ಲಿ ಇರುವುದು 32 ಬಿಟ್ ಫೈಲ್‌ಗಳು. ಹೆಸರಿನಲ್ಲಿ ಸಂಖ್ಯೆ ತಿರುಗಾಮುರುಗಾ ಆಗಿದೆ, ಇದರಲ್ಲಿ ಅನುಭವಸ್ಥರೂ ಎಡವುತ್ತಾರೆ. ಒಂದರ ಫೈಲನ್ನು ಇನ್ನೊಂದರಲ್ಲಿ ಹಾಕಿದರೆ 0xಸಿ000007ಬಿ ಎಂಬ ದೋಷ ಬರುತ್ತದೆ: 32 ಬಿಟ್ ಪ್ರೋಗ್ರಾಂಗೆ 64 ಬಿಟ್ ಲೈಬ್ರರಿ ಸಿಕ್ಕಿದೆ, ಅಥವಾ ಅದರ ತಿರುವುಮುರುವು.

ಇನ್ನೊಂದು ಜಾಗದ ಮೇಲೂ ಕಣ್ಣಿರಲಿ. ಪ್ರೋಗ್ರಾಂ ಒಂದು ಡಿಎಲ್‌ಎಲ್ ಕೇಳಿದಾಗ ವಿಂಡೋಸ್ ಸಾಮಾನ್ಯವಾಗಿ ಆ ಪ್ರೋಗ್ರಾಂನ ಫೋಲ್ಡರಿನಲ್ಲೇ ಮೊದಲು ಹುಡುಕುತ್ತದೆ, ಆಮೇಲೆ ಸಿಸ್ಟಮ್32ಕ್ಕೆ ಹೋಗುತ್ತದೆ. ಕರ್ನೆಲ್32, ಅಡ್ವಾಪಿ32ರಂಥ ಕೆಲವಕ್ಕೆ ಮಾತ್ರ ವಿನಾಯಿತಿ. ಅವು ನೋನ್‌ಡಿಎಲ್‌ಎಲ್ಸ್ ಎಂಬ ಪಟ್ಟಿಯಲ್ಲಿವೆ. ದುಷ್ಟ ಸಾಫ್ಟ್‌ವೇರ್ ಈ ಕ್ರಮವನ್ನೇ ಬಳಸಿಕೊಂಡು, ಒಳ್ಳೆಯ ಪ್ರೋಗ್ರಾಂನ ಪಕ್ಕದಲ್ಲಿ ವಿಂಡೋಸ್ ಫೈಲಿನ ಹೆಸರಿನ ನಕಲಿ ಇಡುತ್ತದೆ. ಡೌನ್‌ಲೋಡ್ಸ್, ಟೆಂಪ್ ಫೋಲ್ಡರಿನಲ್ಲಿ ಕ್ರಿಪ್ಟ್‌ಎಸ್‌ಪಿ ಅಥವಾ ಸೆಕ್ಯೂರ್32 ಕಂಡರೆ ಅನುಮಾನ ಪಡಲೇಬೇಕು.

ಕಂಪ್ಯೂಟರಿನ ಗಡಿಯಾರ ಸರಿಯಿದೆಯೇ?

ಸರ್ಟಿಫಿಕೇಟ್ ದೋಷಗಳೆಲ್ಲ ಫೈಲ್ ಕೆಟ್ಟದ್ದರಿಂದ ಬರುವುದಿಲ್ಲ. ಪ್ರತಿ ಸರ್ಟಿಫಿಕೇಟಿಗೂ ಇಂಥ ದಿನದಿಂದ ಇಂಥ ದಿನದವರೆಗೆ ಎಂಬ ಅವಧಿ ಇರುತ್ತದೆ. ಕಂಪ್ಯೂಟರಿನ ತಾರೀಕು ಹಿಂದಕ್ಕೆ ಹೋಗಿದ್ದರೆ ಎಲ್ಲ ಸರ್ಟಿಫಿಕೇಟುಗಳೂ ಇನ್ನೂ ಜಾರಿಗೆ ಬಂದಿಲ್ಲ ಎಂದು ಕ್ರಿಪ್ಟ್32 ಹೇಳುತ್ತದೆ, ಅದು ಸರಿಯಾಗಿಯೇ ಕೆಲಸ ಮಾಡುತ್ತಿದೆ. ಪ್ಲಗ್ ತೆಗೆದು ಹಾಕಿದಾಗಲೆಲ್ಲ ತಾರೀಕು ಹಿಂದಕ್ಕೆ ಹೋಗುತ್ತಿದ್ದರೆ ಮದರ್‌ಬೋರ್ಡಿನ ಸೆಲ್ ಮುಗಿದಿದೆ. ಹೆಚ್ಚಿನ ಡೆಸ್ಕ್‌ಟಾಪ್‌ಗಳಲ್ಲಿ ಅದು ಸಿಆರ್2032, 3 ವೋಲ್ಟಿನ ಬಿಲ್ಲೆ ಸೆಲ್. ಅದಕ್ಕೆ ಬೆಂಗಳೂರಿನ ಕಂಪ್ಯೂಟರ್ ಅಂಗಡಿಗಳ ಎಸ್‌ಪಿ ರೋಡಿನವರೆಗೂ ಹೋಗಬೇಕಿಲ್ಲ, ಬಡಾವಣೆಯ ವಾಚ್ ಅಂಗಡಿಯಲ್ಲೇ ಸಿಗುತ್ತದೆ. ಪವರ್ ಕೇಬಲ್ ಕಿತ್ತು, ಬರಹವಿರುವ ಮುಖ ಮೇಲೆ ಬರುವಂತೆ ಕೂರಿಸಿ. ಡ್ರೈವ್‌ಗೆ ಬಿಟ್‌ಲಾಕರ್ ಎಂಬ ವಿಂಡೋಸ್‌ನ ಗೂಢಲಿಪಿ ಬೀಗ ಹಾಕಿದ್ದರೆ ಸೆಲ್ ಬದಲಿಸುವ ಮೊದಲೇ ಅದರ 48 ಅಂಕಿಯ ರಿಕವರಿ ಕೀ ಬರೆದಿಟ್ಟುಕೊಳ್ಳಿ, ಬಯೋಸ್ ಸೆಟ್ಟಿಂಗ್ ಬದಲಾದರೆ ಅದನ್ನು ಕೇಳುತ್ತದೆ.

ವಿಂಡೋಸ್ 7 ಇರುವ ಕಂಪ್ಯೂಟರುಗಳ ಕಥೆ ಬೇರೆ. ಅದಕ್ಕೆ ಸಾಮಾನ್ಯ ಬೆಂಬಲ 2020ರ ಜನವರಿ 14ಕ್ಕೇ ಮುಗಿದಿದೆ. ಅದರಲ್ಲಿ ಟಿಎಲ್‌ಎಸ್ 1.2 ಇದ್ದರೂ ಎಷ್ಟೋ ಪ್ರೋಗ್ರಾಂಗಳಿಗೆ ತಾನಾಗಿ ಸಿಗುವುದಿಲ್ಲ, ಹಾಗಾಗಿ ಇಂದಿನ ಸರ್ವರ್‌ಗಳು ಸಂಪರ್ಕ ನಿರಾಕರಿಸುತ್ತವೆ. ಅಲ್ಲಿ ಡಿಎಲ್‌ಎಲ್ ಬದಲಿಸುತ್ತಾ ಕೂರುವುದು ವ್ಯರ್ಥ.

ಸಹಿ ಪರಿಶೀಲನೆ

ಇಲ್ಲಿಂದ ಮುಂದೆ ಕಮಾಂಡ್‌ಗಳು ಬರುತ್ತವೆ. ಕನ್ನಡ ಅಕ್ಷರದಲ್ಲಿ ಬರೆದಿದೆ. ನೀವು ಇಂಗ್ಲಿಷ್ ಕೀಲಿಮಣೆಯಲ್ಲೇ ಟೈಪ್ ಮಾಡಬೇಕು. / ಎಂಬ ಓರೆಗೆರೆಯ ಮುಂಚೆ ಒಂದು ಖಾಲಿ ಜಾಗ, ಅದರ ನಂತರ ಜಾಗ ಬೇಡ. ಫೋಲ್ಡರಿನ ವಿಳಾಸದಲ್ಲಿ ಬರುವ \ ಗೆರೆಯ ಎರಡು ಕಡೆಯೂ ಜಾಗ ಬೇಡ. ಸ್ಟಾರ್ಟ್ ಬಟನ್ ಮೇಲೆ ಬಲ ಕ್ಲಿಕ್ ಮಾಡಿ, ಅಡ್ಮಿನ್ ಎಂದಿರುವ ಟರ್ಮಿನಲ್ ಅಥವಾ ಪವರ್‌ಶೆಲ್ ತೆರೆಯಿರಿ.

ಗೆಟ್-ಆಥೆಂಟಿಕೋಡ್‌ಸಿಗ್ನೇಚರ್ ಸಿ:\ವಿಂಡೋಸ್\ಸಿಸ್ಟಮ್32\ಕ್ರಿಪ್ಟ್32.ಡಿಎಲ್‌ಎಲ್ | ಫಾರ್ಮ್ಯಾಟ್-ಲಿಸ್ಟ್

ಸ್ಟೇಟಸ್ ಎಂಬಲ್ಲಿ ವ್ಯಾಲಿಡ್, ಈಸ್‌ಒಎಸ್‌ಬೈನರಿ ಎಂಬಲ್ಲಿ ಟ್ರೂ ಬಂದರೆ ಫೈಲ್ ಅಸಲಿ, ಅದರಲ್ಲಿ ಒಂದು ಬೈಟ್ ಕೂಡ ಬದಲಾಗಿಲ್ಲ. ಹ್ಯಾಶ್‌ಮಿಸ್‌ಮ್ಯಾಚ್ ಬಂದರೆ ಸಹಿ ಬಿದ್ದ ಮೇಲೆ ಫೈಲ್ ಬದಲಾಗಿದೆ. ಫೈಲಿನ ಪ್ರಾಪರ್ಟೀಸ್ ತೆರೆದು, ಡಿಜಿಟಲ್ ಸಿಗ್ನೇಚರ್ಸ್ ಟ್ಯಾಬ್ ಇಲ್ಲವೆಂದು ಗಾಬರಿಯಾಗುವವರು ಇದ್ದಾರೆ. ವಿಂಡೋಸ್‌ನ ಎಷ್ಟೋ ಫೈಲ್‌ಗಳ ಸಹಿ ಫೈಲಿನೊಳಗೆ ಇರದೆ ಪ್ರತ್ಯೇಕ ಕ್ಯಾಟಲಾಗ್‌ನಲ್ಲಿ ಇರುತ್ತದೆ, ಟ್ಯಾಬ್ ಇಲ್ಲದಿರುವುದು ತಪ್ಪಲ್ಲ. ಮೇಲಿನ ಕಮಾಂಡ್ ಕ್ಯಾಟಲಾಗನ್ನೂ ನೋಡುತ್ತದೆ.

ಹ್ಯಾಶ್‌ಮಿಸ್‌ಮ್ಯಾಚ್ ಬಂದಿದ್ದರೆ ಅದಕ್ಕೆ ಕಾರಣ ಡಿಸ್ಕ್ ದೋಷವೂ ಇರಬಹುದು, ವೈರಸ್ಸೂ ಇರಬಹುದು. ವೈರಸ್ ಎಂದೇ ಭಾವಿಸಿ ನಡೆಯುವುದು ಕ್ಷೇಮ. ನೆಟ್ ಕಿತ್ತು, ವಿಂಡೋಸ್ ಸೆಕ್ಯೂರಿಟಿಯ ವೈರಸ್ ವಿಭಾಗದಲ್ಲಿ ಸ್ಕ್ಯಾನ್ ಆಪ್ಷನ್ಸ್ ತೆರೆದು ಡಿಫೆಂಡರ್ ಆಫ್‌ಲೈನ್ ಸ್ಕ್ಯಾನ್ ಆರಿಸಿ. ಕಂಪ್ಯೂಟರ್ ರೀಸ್ಟಾರ್ಟ್ ಆಗಿ ಸುಮಾರು 15 ನಿಮಿಷ ಹುಡುಕುತ್ತದೆ. ಆ ಕಂಪ್ಯೂಟರಿನಲ್ಲಿ ನೆಟ್‌ಬ್ಯಾಂಕಿಂಗ್ ಮಾಡಿದ್ದರೆ ಪಾಸ್‌ವರ್ಡನ್ನು ಬೇರೆ ಸಾಧನದಿಂದ ಬದಲಿಸಿ. ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ರಿಪೇರಿ: ಡಿಐಎಸ್‌ಎಂ ಮೊದಲು, ಎಸ್‌ಎಫ್‌ಸಿ ಆಮೇಲೆ

ವಿಂಡೋಸ್ ತನ್ನ ಫೈಲ್‌ಗಳ ದಾಸ್ತಾನನ್ನು ವಿನ್‌ಎಸ್‌ಎಕ್ಸ್‌ಎಸ್ ಎಂಬ ಫೋಲ್ಡರಿನಲ್ಲಿ ಇಟ್ಟಿರುತ್ತದೆ. ಸಿಸ್ಟಮ್ ಫೈಲ್‌ಗಳನ್ನು ತಪಾಸಣೆ ಮಾಡುವ ಎಸ್‌ಎಫ್‌ಸಿ ಎಂಬ ಕಮಾಂಡ್, ಕೆಟ್ಟ ಫೈಲ್ ಕಂಡಾಗ ಒಳ್ಳೆಯದನ್ನು ಈ ದಾಸ್ತಾನಿನಿಂದ ತರುತ್ತದೆ. ದಾಸ್ತಾನೇ ಕೆಟ್ಟಿದ್ದರೆ ಅದು ಏನು ತಂದೀತು? ಬಹಳ ಕಡೆ ಎಸ್‌ಎಫ್‌ಸಿಯನ್ನು ಮಾತ್ರ ಓಡಿಸಿ, ಆಗಲಿಲ್ಲ ಎಂದು ಫಾರ್ಮ್ಯಾಟ್ ಮಾಡಿಬಿಡುತ್ತಾರೆ. ದಾಸ್ತಾನನ್ನು ಸರಿಪಡಿಸುವುದು ಡಿಐಎಸ್‌ಎಂ ಎಂಬ ಇನ್ನೊಂದು ಕಮಾಂಡ್. ಅದನ್ನು ಮೊದಲು ಓಡಿಸಿದರೆ ಅರ್ಧಕ್ಕರ್ಧ ಫಾರ್ಮ್ಯಾಟ್‌ಗಳು ಬೇಡವಾಗುತ್ತವೆ ಎಂಬುದು ನಮ್ಮ ಗಟ್ಟಿ ಅಭಿಪ್ರಾಯ.

ಶುರು ಮಾಡುವ ಮುನ್ನ ಮುಖ್ಯ ಕಡತಗಳನ್ನು ಪೆನ್‌ಡ್ರೈವ್‌ಗೆ ನಕಲು ಮಾಡಿ. ಏಪ್ರಿಲ್, ಮೇ ತಿಂಗಳ ಗುಡುಗು ಮಳೆಗೆ ಬೆಂಗಳೂರಿನಲ್ಲಿ ಸಂಜೆ ಹೊತ್ತು ಕರೆಂಟ್ ಹೋಗುವುದು ಮಾಮೂಲು. ಯುಪಿಎಸ್ ಇಲ್ಲದ ಡೆಸ್ಕ್‌ಟಾಪ್ ಆದರೆ ಈ ಕೆಲಸವನ್ನು ಬೆಳಿಗ್ಗೆಗೆ ಇಟ್ಟುಕೊಳ್ಳಿ. ನಂತರ:

ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ಸ್ಕ್ಯಾನ್‌ಹೆಲ್ತ್

ಇದು ನೋಡುತ್ತದೆ ಅಷ್ಟೆ, ಏನನ್ನೂ ಬದಲಿಸುವುದಿಲ್ಲ. ದಾಸ್ತಾನು ದುರಸ್ತಿ ಮಾಡಬಹುದಾದ ಸ್ಥಿತಿಯಲ್ಲಿದೆ ಎಂದು ಬಂದರೆ:

ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್

ಬೇಕಾದ ಫೈಲ್‌ಗಳನ್ನು ಇದು ವಿಂಡೋಸ್ ಅಪ್‌ಡೇಟ್‌ನಿಂದ ಇಳಿಸಿಕೊಳ್ಳುತ್ತದೆ, ನೆಟ್ ಬೇಕು. ಮೊಬೈಲ್ ಹಾಟ್‌ಸ್ಪಾಟ್ ಬಳಸುವವರು ಡೇಟಾ ಎಷ್ಟು ಉಳಿದಿದೆ ನೋಡಿಕೊಳ್ಳಿ. ನಡುವೆ ಶೇಕಡಾವಾರು ಅಂಕಿ ಒಂದೇ ಕಡೆ ನಿಂತುಬಿಡುತ್ತದೆ, 62.3ರಲ್ಲಿ ಬಹಳ ಹೊತ್ತು ನಿಲ್ಲುವುದು ಎಷ್ಟೋ ಕಂಪ್ಯೂಟರುಗಳಲ್ಲಿ ಕಾಣುವ ಸಂಗತಿ. ಹಾಳಾಯಿತೆಂದು ವಿಂಡೋ ಮುಚ್ಚಬೇಡಿ. ಹಾರ್ಡ್‌ಡಿಸ್ಕ್ ಇರುವ ಹಳೆಯ ಕಂಪ್ಯೂಟರಿನಲ್ಲಿ ಒಂದು ಗಂಟೆಯಾದರೂ ಕಾಯಿರಿ. ಮುಗಿದ ಮೇಲೆ:

ಎಸ್‌ಎಫ್‌ಸಿ /ಸ್ಕ್ಯಾನ್‌ನೌ

ಇದರ ಉತ್ತರ ನಾಲ್ಕರಲ್ಲಿ ಒಂದು. ದೋಷ ಸಿಗಲಿಲ್ಲ ಎಂದರೆ ನಿಮ್ಮ ತೊಂದರೆ ವಿಂಡೋಸ್ ಫೈಲ್‌ಗಳಲ್ಲಿ ಇಲ್ಲ, ಆ ಪ್ರೋಗ್ರಾಂ ಕಡೆ ತಿರುಗಿ. ದೋಷ ಸಿಕ್ಕಿ ಸರಿಪಡಿಸಿದೆ ಎಂದರೆ ರೀಸ್ಟಾರ್ಟ್ ಮಾಡಿ, ಇನ್ನೊಮ್ಮೆ ಓಡಿಸಿ ಖಚಿತಪಡಿಸಿಕೊಳ್ಳಿ. ಕೆಲವನ್ನು ಸರಿಪಡಿಸಲಾಗಲಿಲ್ಲ ಎಂದರೆ ಯಾವುದು ಉಳಿಯಿತೆಂದು ಸಿ:\ವಿಂಡೋಸ್\ಲಾಗ್ಸ್\ಸಿಬಿಎಸ್ ಫೋಲ್ಡರಿನ ಸಿಬಿಎಸ್.ಲಾಗ್‌ನಲ್ಲಿ ಸಿಗುತ್ತದೆ, ಆ ಕಡತವನ್ನು ಡೆಸ್ಕ್‌ಟಾಪಿಗೆ ನಕಲು ಮಾಡಿ ನೋಟ್‌ಪ್ಯಾಡಿನಲ್ಲಿ ತೆರೆದು, ಚೌಕ ಕಂಸದೊಳಗೆ ಎಸ್‌ಆರ್ ಎಂದಿರುವ ಸಾಲುಗಳನ್ನು ಹುಡುಕಿ. ಕೆಲಸವನ್ನೇ ಮಾಡಲಾಗಲಿಲ್ಲ ಎಂದರೆ ಸೇಫ್ ಮೋಡ್‌ನಲ್ಲಿ, ಅಂದರೆ ಅತ್ಯಗತ್ಯ ಭಾಗಗಳೊಂದಿಗೆ ಮಾತ್ರ ವಿಂಡೋಸ್ ತೆರೆದು, ಮತ್ತೆ ಓಡಿಸಿ.

ರಿಸ್ಟೋರ್‌ಹೆಲ್ತ್ 0x800ಎಫ್081ಎಫ್ ಎಂದು ನಿಂತರೆ ಮೂಲ ಫೈಲ್ ಸಿಗಲಿಲ್ಲ ಎಂದರ್ಥ. ಮೈಕ್ರೋಸಾಫ್ಟ್ ತಾಣದಿಂದ ವಿಂಡೋಸ್‌ನ ಐಎಸ್‌ಒ, ಅಂದರೆ ಇನ್‌ಸ್ಟಾಲ್ ಡಿಸ್ಕನ್ನೇ ಒಂದು ಕಡತವಾಗಿಸಿದ ಪ್ರತಿ, ಇಳಿಸಿ. ಅದು ನಿಮ್ಮಲ್ಲಿರುವ ಆವೃತ್ತಿಗೇ, ಭಾಷೆಗೇ ಹೊಂದಬೇಕು. ವಿನ್‌ವರ್ ಎಂದು ಟೈಪ್ ಮಾಡಿದರೆ ನಿಮ್ಮ ಆವೃತ್ತಿ ಕಾಣುತ್ತದೆ. ಐಎಸ್‌ಒ ಮೇಲೆ ಎರಡು ಸಲ ಕ್ಲಿಕ್ ಮಾಡಿದರೆ ಹೊಸ ಡ್ರೈವ್ ಆಗಿ ತೆರೆದುಕೊಳ್ಳುತ್ತದೆ. ಅದು ಇ: ಎಂದಿಟ್ಟುಕೊಳ್ಳಿ. ಹೋಮ್, ಪ್ರೊ ಎಲ್ಲವೂ ಒಂದೇ ಕಡತದಲ್ಲಿ ಇರುವುದರಿಂದ ನಿಮ್ಮದರ ಕ್ರಮಸಂಖ್ಯೆ ತಿಳಿಯಬೇಕು:

ಡಿಐಎಸ್‌ಎಂ /ಗೆಟ್-ವಿಮ್‌ಇನ್ಫೋ /ವಿಮ್‌ಫೈಲ್:ಇ:\ಸೋರ್ಸಸ್\ಇನ್‌ಸ್ಟಾಲ್.ವಿಮ್

ಪಟ್ಟಿಯಲ್ಲಿ ನಿಮ್ಮ ಹೋಮ್ ಅಥವಾ ಪ್ರೊ ಕ್ರಮಸಂಖ್ಯೆ 6 ಎಂದು ತೋರಿಸಿದರೆ:

ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರಿಸ್ಟೋರ್‌ಹೆಲ್ತ್ /ಸೋರ್ಸ್:ವಿಮ್:ಇ:\ಸೋರ್ಸಸ್\ಇನ್‌ಸ್ಟಾಲ್.ವಿಮ್:6 /ಲಿಮಿಟ್‌ಆಕ್ಸೆಸ್

ಮೀಡಿಯಾ ಕ್ರಿಯೇಷನ್ ಟೂಲ್‌ನಿಂದ ಮಾಡಿದ ಪೆನ್‌ಡ್ರೈವ್ ಆದರೆ ಅದರಲ್ಲಿ ಇನ್‌ಸ್ಟಾಲ್.ಇಎಸ್‌ಡಿ ಇರುತ್ತದೆ. ಆಗ ಎರಡೂ ಕಮಾಂಡ್‌ಗಳಲ್ಲಿ ಕಡತದ ಹೆಸರನ್ನು ಹಾಗೆ ಬದಲಿಸಿ, ಎರಡನೆಯದರಲ್ಲಿ ಸೋರ್ಸ್ ನಂತರದ ವಿಮ್ ಪದವನ್ನೂ ಇಎಸ್‌ಡಿ ಮಾಡಿ.

ಫೈಲನ್ನು ಕೈಯಿಂದ ಬದಲಿಸಲು ಟೇಕ್‌ಓನ್, ಐಕ್ಯಾಕಲ್ಸ್ ಕಮಾಂಡ್ ಬಳಸಿ ಒಡೆತನ ಕಿತ್ತುಕೊಳ್ಳುವ ಸಲಹೆಯೂ ಚಲಾವಣೆಯಲ್ಲಿದೆ. ಈ ಫೈಲ್‌ಗಳ ಒಡೆಯ ಟ್ರಸ್ಟೆಡ್‌ಇನ್‌ಸ್ಟಾಲರ್ ಎಂಬ ಸರ್ವಿಸ್. ಅಡ್ಮಿನ್ ಖಾತೆಗೂ ಇವನ್ನು ಬರೆಯುವ ಹಕ್ಕಿಲ್ಲದಿರುವುದು ಉದ್ದೇಶಪೂರ್ವಕ ರಕ್ಷಣೆ. ಆ ಹಕ್ಕನ್ನು ಸಡಿಲಿಸಿದರೆ ನಾಳೆ ಅಡ್ಮಿನ್ ಆಗಿ ಓಡುವ ಯಾವ ದುಷ್ಟ ಪ್ರೋಗ್ರಾಂ ಬೇಕಾದರೂ ಅಲ್ಲಿ ಬರೆಯಬಹುದು. ಪಕ್ಕದ ಮನೆಯವರ ಕಂಪ್ಯೂಟರಿನಿಂದ ನಕಲು ತರುವುದೂ ಬೇಡ. ಒಂದು ತಿಂಗಳ ಅಪ್‌ಡೇಟ್ ವ್ಯತ್ಯಾಸವಿದ್ದರೂ ಆವೃತ್ತಿ ಬೇರೆ ಇರಬಹುದು, ಎಂಟ್ರಿ ಪಾಯಿಂಟ್ ಸಿಗಲಿಲ್ಲ ಎಂಬ ಹೊಸ ದೋಷ ಶುರುವಾಗುತ್ತದೆ. ಇನ್ನು ಡಿಎಲ್‌ಎಲ್ ನೋಂದಣಿ ಮಾಡುವ ರೆಗ್‌ಎಸ್‌ವಿಆರ್32 ಕಮಾಂಡ್: ಬಿಕ್ರಿಪ್ಟ್‌ನಂಥವು ನೋಂದಣಿ ಮಾಡುವ ಜಾತಿಯ ಫೈಲ್‌ಗಳೇ ಅಲ್ಲ. ಅವುಗಳ ಮೇಲೆ ಅದನ್ನು ಓಡಿಸಿದಾಗ ಬರುವ ದೋಷ ಸಂದೇಶ ಫೈಲ್ ಕೆಟ್ಟಿದೆ ಎಂದು ಹೇಳುತ್ತಿಲ್ಲ.

ಕ್ರಿಪ್ಟೋಗ್ರಾಫಿಕ್ ಸರ್ವಿಸ್

ಫೈಲ್‌ಗಳು ಸರಿಯಿದ್ದೂ ಅಪ್‌ಡೇಟ್ ಆಗದಿದ್ದರೆ, ಸಹಿ ಪರಿಶೀಲನೆ ಎಲ್ಲ ಕಡೆ ವಿಫಲವಾಗುತ್ತಿದ್ದರೆ, ಕ್ಯಾಟಲಾಗ್‌ಗಳ ಡೇಟಾಬೇಸ್ ಕೆಟ್ಟಿರುವ ಸಾಧ್ಯತೆ ಇದೆ. ಇದಕ್ಕೆ ಅಡ್ಮಿನ್ ಕಮಾಂಡ್ ಪ್ರಾಂಪ್ಟ್ ತೆರೆದು ಮೂರು ಸಾಲು, ಒಂದರ ಹಿಂದೆ ಒಂದು ಬೇಗ ಬೇಗ:

ನೆಟ್ ಸ್ಟಾಪ್ ಕ್ರಿಪ್ಟ್‌ಎಸ್‌ವಿಸಿ
ರೆನ್ ಸಿ:\ವಿಂಡೋಸ್\ಸಿಸ್ಟಮ್32\ಕ್ಯಾಟ್‌ರೂಟ್2 ಕ್ಯಾಟ್‌ರೂಟ್2.ಓಲ್ಡ್
ನೆಟ್ ಸ್ಟಾರ್ಟ್ ಕ್ರಿಪ್ಟ್‌ಎಸ್‌ವಿಸಿ

ತಡಮಾಡಿದರೆ ಸರ್ವಿಸ್ ತಾನೇ ಮತ್ತೆ ಶುರುವಾಗಿ, ಹೆಸರು ಬದಲಿಸಲು ಅನುಮತಿ ಇಲ್ಲ ಎನ್ನುತ್ತದೆ. ಆಗ ಸೇಫ್ ಮೋಡ್‌ನಲ್ಲಿ ಮಾಡಿ. ಕ್ಯಾಟ್‌ರೂಟ್2 ಫೋಲ್ಡರನ್ನು ವಿಂಡೋಸ್ ಹೊಸದಾಗಿ ಕಟ್ಟಿಕೊಳ್ಳುತ್ತದೆ. ಕೊನೆಯಲ್ಲಿ 2 ಇಲ್ಲದ ಕ್ಯಾಟ್‌ರೂಟ್ ಫೋಲ್ಡರೂ ಅಲ್ಲೇ ಇರುತ್ತದೆ, ಅದನ್ನು ಮಾತ್ರ ಮುಟ್ಟಬೇಡಿ. ಸಹಿಗಳ ಕ್ಯಾಟಲಾಗ್‌ಗಳೇ ಅದರಲ್ಲಿವೆ, ಅವು ತಾವಾಗಿ ಮರಳಿ ಬರುವುದಿಲ್ಲ.

ಡಿಎಸ್‌ಸಿ ಟೋಕನ್ ಬಳಸುವ ಆಫೀಸುಗಳಿಗೆ

ಜಯನಗರ, ಗಾಂಧಿನಗರ, ಮಲ್ಲೇಶ್ವರದ ಆಡಿಟ್ ಆಫೀಸುಗಳಲ್ಲಿ, ಟೆಂಡರ್ ಹಾಕುವ ಗುತ್ತಿಗೆದಾರರಲ್ಲಿ ಈ ತೊಂದರೆ ಹೆಚ್ಚು ಕಾಣುವುದು ಡಿಎಸ್‌ಸಿ, ಅಂದರೆ ಡಿಜಿಟಲ್ ಸಹಿಯ ಸರ್ಟಿಫಿಕೇಟ್ ಇರುವ ಯುಎಸ್‌ಬಿ ಟೋಕನ್ ರೂಪದಲ್ಲಿ, ಅದೂ ಕೊನೇ ದಿನಾಂಕದ ಹಿಂದುಮುಂದು. ಸಹಿ ಹಾಕಲು ಹೋದರೆ ಸರ್ಟಿಫಿಕೇಟ್ ಸಿಗಲಿಲ್ಲ ಎಂದು ಬರುತ್ತದೆ. ಟೋಕನ್ನಿನ ಡಿಎಲ್‌ಎಲ್ ಅದರ ತಯಾರಕರದ್ದು, ಉದಾಹರಣೆಗೆ ಇಪಾಸ್2003ರದ್ದು ಇಪಿಎಸ್2003ಸಿಎಸ್‌ಪಿ11.ಡಿಎಲ್‌ಎಲ್. ಸಿಸ್ಟಮ್32ರಲ್ಲಿ ಕೂತಿದ್ದರೂ ಅದು ವಿಂಡೋಸ್‌ನ ಫೈಲ್ ಅಲ್ಲ, ಎಸ್‌ಎಫ್‌ಸಿ ಅದನ್ನು ಸರಿಪಡಿಸುವುದಿಲ್ಲ. ಟೋಕನ್ ತೆಗೆದು, ಹಳೆಯ ಡ್ರೈವರ್ ಅನ್‌ಇನ್‌ಸ್ಟಾಲ್ ಮಾಡಿ, ರೀಸ್ಟಾರ್ಟ್ ಮಾಡಿ, ಡ್ರೈವರನ್ನು ಅಡ್ಮಿನ್ ಆಗಿ ಮತ್ತೆ ಹಾಕಿ, ಆಮೇಲೆ ಟೋಕನ್ ಚುಚ್ಚಿ. ಹಬ್‌ಗೆ ಬೇಡ, ನೇರ ಹಿಂಬದಿಯ ಪೋರ್ಟಿಗೆ.

ನಂತರ ಸರ್ಟ್‌ಎಂಜಿಆರ್.ಎಂಎಸ್‌ಸಿ ತೆರೆದು ಪರ್ಸನಲ್ ವಿಭಾಗದಲ್ಲಿ ನಿಮ್ಮ ಹೆಸರಿನ ಸರ್ಟಿಫಿಕೇಟ್ ಮೇಲೆ ಎರಡು ಸಲ ಕ್ಲಿಕ್ ಮಾಡಿ. ಕೆಳಗೆ ಖಾಸಗಿ ಕೀ ಇದೆ ಎಂಬ ಸಾಲು ಇರಬೇಕು. ಸರ್ಟಿಫಿಕೇಟ್ ಇದ್ದು ಆ ಸಾಲು ಇಲ್ಲದಿದ್ದರೆ ಕೊಂಡಿ ಕಡಿದಿದೆ, ಡ್ರೈವರ್ ಕೆಲಸ ಇನ್ನೊಮ್ಮೆ ಮಾಡಬೇಕು. ಸರ್ಟಿಫಿಕೇಟೇ ಕಾಣದಿದ್ದರೆ ಸರ್ವಿಸಸ್ ಪಟ್ಟಿಯಲ್ಲಿ ಸ್ಮಾರ್ಟ್ ಕಾರ್ಡ್, ಸರ್ಟಿಫಿಕೇಟ್ ಪ್ರೊಪಗೇಷನ್ ಎರಡೂ ನಡೆಯುತ್ತಿವೆಯೇ ನೋಡಿ. ಸರ್ಟಿಫಿಕೇಟ್ ನಂಬಿಕೆಗೆ ಅರ್ಹವಲ್ಲ ಎಂದು ಬಂದರೆ ಸಿಸಿಎ (ಡಿಜಿಟಲ್ ಸಹಿಗಳ ಸರ್ಕಾರಿ ನಿಯಂತ್ರಕರು) ಇಂಡಿಯಾ ಹೆಸರಿನ ಮೂಲ ಸರ್ಟಿಫಿಕೇಟ್ ಟ್ರಸ್ಟೆಡ್ ರೂಟ್ ವಿಭಾಗದಲ್ಲಿ ಇಲ್ಲ. ಅದನ್ನು ಸಿಸಿಎ ತಾಣದಿಂದಲೇ ತನ್ನಿ, ವಾಟ್ಸಾಪ್‌ನಲ್ಲಿ ಬಂದ ಕಡತದಿಂದ ಖಂಡಿತ ಬೇಡ. ಈ ಗಡಿಬಿಡಿಯಲ್ಲಿ ಪಿನ್ ಊಹಿಸುತ್ತಾ ಹೋಗಬೇಡಿ, ಕೆಲವು ಸಲ ತಪ್ಪಿದರೆ ಟೋಕನ್ ಲಾಕ್ ಆಗುತ್ತದೆ.

ವಿಂಡೋಸ್ ಶುರುವಾಗದಿದ್ದರೆ

ಇನ್‌ಸ್ಟಾಲ್ ಪೆನ್‌ಡ್ರೈವ್‌ನಿಂದ ಬೂಟ್ ಮಾಡಿ, ರಿಪೇರ್ ಯುವರ್ ಕಂಪ್ಯೂಟರ್ ಮೂಲಕ ಕಮಾಂಡ್ ಪ್ರಾಂಪ್ಟ್ ತೆರೆಯಿರಿ. ಪೆನ್‌ಡ್ರೈವ್ 8 ಜಿಬಿಯದಾದರೂ ಇರಬೇಕು. ಇಲ್ಲಿ ಡ್ರೈವ್ ಅಕ್ಷರಗಳು ಅದಲುಬದಲಾಗಿರಬಹುದು. ಡಿಸ್ಕ್‌ಪಾರ್ಟ್ ಒಳಗೆ ಲಿಸ್ಟ್ ವಾಲ್ಯೂಮ್ ಕೊಟ್ಟು ಯಾವುದು ನಿಮ್ಮ ವಿಂಡೋಸ್ ಡ್ರೈವ್ ಎಂದು ಗಾತ್ರ ನೋಡಿ ಗುರುತಿಸಿ, ಎಕ್ಸಿಟ್ ಕೊಟ್ಟು ಹೊರಬನ್ನಿ. ಅದು ಡಿ: ಆಗಿದ್ದರೆ:

ಎಸ್‌ಎಫ್‌ಸಿ /ಸ್ಕ್ಯಾನ್‌ನೌ /ಆಫ್‌ಬೂಟ್‌ಡಿರ್=ಡಿ:\ /ಆಫ್‌ವಿನ್‌ಡಿರ್=ಡಿ:\ವಿಂಡೋಸ್

ಸರಿಪಡಿಸಿದ ಮೇಲೂ ಕೆಲವು ವಾರಕ್ಕೊಮ್ಮೆ ಅದೇ ದೋಷ ಮರುಕಳಿಸಿದರೆ ಹಾರ್ಡ್‌ವೇರ್ ಕಡೆ ನೋಡಿ. ಸಿಎಚ್‌ಕೆಡಿಎಸ್‌ಕೆ ಸಿ: /ಎಫ್ ಕೊಟ್ಟು, ವೈ ಒತ್ತಿ ರೀಸ್ಟಾರ್ಟ್ ಮಾಡಿ. ಪವರ್‌ಶೆಲ್‌ನಲ್ಲಿ ಗೆಟ್-ಫಿಸಿಕಲ್‌ಡಿಸ್ಕ್ ಕೊಟ್ಟರೆ ಹೆಲ್ತ್‌ಸ್ಟೇಟಸ್ ಎಂಬಲ್ಲಿ ಹೆಲ್ತಿ ಬಿಟ್ಟು ಬೇರೇನು ಬಂದರೂ ಅಂದೇ ಬ್ಯಾಕಪ್ ಮಾಡಿ ಡಿಸ್ಕ್ ಬದಲಿಸಿ. ಎಂಡಿಶೆಡ್ ಎಂದು ರನ್ ಮಾಡಿದರೆ ರ‍್ಯಾಮ್ ಪರೀಕ್ಷೆ ನಡೆಯುತ್ತದೆ. ರ‍್ಯಾಮ್ ಕೆಟ್ಟಿದ್ದರೆ ಒಳ್ಳೆಯ ಫೈಲೂ ಓದುವಾಗಲೇ ಕೆಟ್ಟಂತೆ ಕಾಣುತ್ತದೆ, ಅಪ್‌ಡೇಟ್ ಬರೆಯುವಾಗ ನಿಜವಾಗಿಯೂ ಕೆಡುತ್ತದೆ.

ಇಷ್ಟಕ್ಕೂ ಬಗ್ಗದಿದ್ದರೆ, ವಿಂಡೋಸ್ ತೆರೆಯುವ ಸ್ಥಿತಿಯಲ್ಲಿದ್ದಾಗಲೇ ಐಎಸ್‌ಒ ತೆರೆದು ಅದರ ಸೆಟಪ್ ಓಡಿಸಿ, ಫೈಲ್‌ಗಳನ್ನೂ ಆ್ಯಪ್‌ಗಳನ್ನೂ ಉಳಿಸಿಕೊಳ್ಳುವ ಆಯ್ಕೆ ಗುರುತಿಸಿ. ಸಿ: ಡ್ರೈವ್‌ನಲ್ಲಿ 20 ಜಿಬಿಯಾದರೂ ಖಾಲಿ ಇರಲಿ. ಎಲ್ಲ ಸಿಸ್ಟಮ್ ಫೈಲ್‌ಗಳೂ ಹೊಸದಾಗುತ್ತವೆ, ನಿಮ್ಮ ಕಡತ ಹಾಗೇ ಉಳಿಯುತ್ತವೆ. ಮುಗಿದ ಕೂಡಲೇ ವಿಂಡೋಸ್ ಅಪ್‌ಡೇಟ್ ಪೂರ್ತಿ ಓಡಿಸಿ, ಏಕೆಂದರೆ ಐಎಸ್‌ಒ ತಯಾರಾದ ನಂತರದ ತಿದ್ದುಪಡಿಗಳು ಅದರಲ್ಲಿರುವುದಿಲ್ಲ. ವಿಂಡೋಸ್ 10ಕ್ಕೆ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ನಿಂತಿದೆ. ವಿಸ್ತರಿತ ಭದ್ರತಾ ಅಪ್‌ಡೇಟ್ ಯೋಜನೆಗೆ ಸೇರದ ಕಂಪ್ಯೂಟರಿನಲ್ಲಿ ಈ ಎಲ್ಲ ಕ್ರಮಗಳೂ ಕೆಲಸ ಮಾಡುತ್ತವೆ, ಆದರೆ ಕ್ರಿಪ್ಟ್32 ಆಗಲಿ ಎಸ್‌ಚಾನೆಲ್ ಆಗಲಿ ಅಲ್ಲಿಯವರೆಗಿನ ತಿದ್ದುಪಡಿಗಳೊಂದಿಗೆ ಮಾತ್ರ ಮರಳಿ ಬರುತ್ತದೆ.